ನೂರು ಹೆಜ್ಜೆಯ ಮೇಲೆ ಇನ್ನೊಮ್ಮೆ

ಅವತ್ತು ಮದುಮಗ ಕುದುರೆಯಿಂದ ಜಾರಿದ್ದು ಗಂಡ ಸತ್ತವಳ ಕೈ ತಾಗಿದ್ದಕ್ಕಲ್ಲ. ಜೀನು ಕಟ್ಟುವ ಹೊಟ್ಟೆಪಟ್ಟಿ ಸಡಿಲಾಗಿದ್ದಕ್ಕೆ.

ಮೊನ್ನೆ ಹೊಸಪೇಟೆಯಲ್ಲಿ ಚಪ್ಪಲಿ ಹೊಲಿಸಲು ಕೂತಿದ್ದೆ. ಪಕ್ಕದಲ್ಲಿ ಯಾರೋ ಹಳೆಯ ಬೆಲ್ಟಿಗೆ ಹರಳೆಣ್ಣೆ ಸವರುತ್ತಿದ್ದರು. ಆ ತೊಗಲಿನ ವಾಸನೆಗೆ, ಕುದುರೆಯ ಜೀನಿಗೆ ಅದೇ ಎಣ್ಣೆ ಸವರುತ್ತಿದ್ದ ನಮ್ಮ ಅತ್ತೆ ಎದುರು ಬಂದು ನಿಂತಂತಾಯಿತು...

ಕಂಪ್ಲಿಯಲ್ಲಿ ನಮ್ಮದು ಮದುವೆ ಮೆರವಣಿಗೆಗೆ ಕುದುರೆ ಕೊಡುವ ಮನೆ. ಮಾವ ತೀರಿಕೊಂಡ ಮೇಲೆ ಜೀನು ಹಾಕುತ್ತಿದ್ದವರು ಅತ್ತೆಯೇ. ಮೊದಲು ಕುದುರೆಯ ಬೆನ್ನ ಮೇಲೆ ಅಂಗೈ ಆಡಿಸಿ, ಒಂದು ಮುಳ್ಳೂ, ಒಂದು ಹುಲ್ಲುಕಡ್ಡಿಯೂ ಇಲ್ಲವೆಂದು ನೋಡುವರು. ಆಮೇಲೆ ಕಂಬಳಿ, ಅದರ ಮೇಲೆ ಜೀನು. ಕೂದಲು ತಿರುಚದಂತೆ ಮುಂದಿನಿಂದ ಹಿಂದಕ್ಕೆ ಸರಿಸಿ ಕೂರಿಸುವರು. ಹೊಟ್ಟೆಪಟ್ಟಿ ಬಿಗಿಯುವಾಗ ಕುದುರೆ ಉಸಿರು ತುಂಬಿಕೊಂಡು ಹೊಟ್ಟೆ ಉಬ್ಬಿಸುತ್ತದೆ. ನಾಲ್ಕು ಹೆಜ್ಜೆ ನಡೆದರೆ ಹೊಟ್ಟೆ ಇಳಿಯುತ್ತದೆ, ಪಟ್ಟಿ ಸಡಿಲಾಗುತ್ತದೆ. ಅದಕ್ಕೇ ಇನ್ನೊಮ್ಮೆ ಬಿಗಿಯಬೇಕು.

ಆ ಮದುವೆ ಮೆಟ್ರಿಯಲ್ಲಿತ್ತು. ನನ್ನ ಗಂಡ ಲಗಾಮು ಹಿಡಿದವನು, ಕುದುರೆಯ ಮುಖ ಬಿಟ್ಟು ಬರುವಂತಿಲ್ಲ. ಅತ್ತೆ ಶುಭದ ಮುಂದೆ ಬರಬಾರದೆಂದು, ಊರ ಹೊರಗೆ ಜೀನು ಹಾಕಿ ಬಾಜಾದವರ ಹಿಂದೆ ಉಳಿದರು. ಬಿಗಿಯುವ ಕೆಲಸ ನನಗೆ ಬಂತು.

"ನೂರು ಹೆಜ್ಜಿ ಎಣಸು, ನಿಲ್ಲಸು, ಬಿಗಿ. ಯಾರರ ಏನರ ಅನ್ನಲಿ," ಎಂದರು ಅತ್ತೆ.

ಮದುವೆಯವರು ಜೀನಿಗೂ ಪಟ್ಟಿಗೂ ಅರಿಶಿನ ಕುಂಕುಮ ಹಚ್ಚಿ ಕಾಯಿ ಒಡೆದರು. ಪೂಜೆಯಾಯಿತು, ಮದುಮಗ ಇಳಿಯುವವರೆಗೆ ಪಟ್ಟಿಯ ಬಕಲ್ ಮುಟ್ಟಬಾರದು ಎಂದರು. ನಾನು ಹೊಸ ಸೊಸೆ. ನೂರು ಎಣಿಸಿದೆ. ಬಿಗಿಯದೆ ಮುಂದೆ ನಡೆದೆ.

ಗುಡಿಯ ತಿರುವಿನಲ್ಲಿ ಜೀನು ಪಕ್ಕಕ್ಕೆ ವಾಲಿತು. ಮದುಮಗ ಕುದುರೆಯ ಕುತ್ತಿಗೆ ತಬ್ಬಿಕೊಂಡು ಜೋತುಬಿದ್ದ. ಕಾಲಿಡುವ ರಿಕಾಬಿನಲ್ಲಿ ಒಂದು ಪಾದ ಸಿಕ್ಕಿತ್ತು. ಕುದುರೆ ಬೆದರಿ ಓಡಿದ್ದರೆ ಎಳೆದುಕೊಂಡು ಹೋಗುತ್ತಿತ್ತು... ಬಾಜಾ ನಿಂತಿತು. ಜನರ ನಡುವೆ ದಾರಿ ಮಾಡಿಕೊಂಡು ಅತ್ತೆ ಬಂದರು. ಮೊದಲು ಪಾದ ಬಿಡಿಸಿದರು, ಹುಡುಗನನ್ನು ಇಳಿಸಿದರು, ಬಕಲಿಗೆ ಕೈ ಹಾಕಿದರು.

"ಮುಟ್ಟಬ್ಯಾಡವಾ, ಪೂಜಿ ಆಗೈತಿ," ಎಂದ ಮದುಮಗನ ದೊಡ್ಡಪ್ಪ.

"ಪೂಜಿ ಆಗಿದ್ದು ಕುದ್ರಿ ಹೊಟ್ಟಿಗೆ ಗೊತ್ತಿಲ್ರಿ. ನಿಮ್ಮ ಹುಡುಗನ್ನ ಮದುವಿ ಮಾಡ್ತೀರೋ, ಮಣ್ಣು ಮಾಡ್ತೀರೋ?"

ಜೀನು ನೆಟ್ಟಗೆ ಕೂರಿಸಿ, ಪಟ್ಟಿಯನ್ನು ಎರಡು ತೂತು ಬಿಗಿ ಮಾಡಿ ಹಿಂದೆ ಸರಿದರು. ಮೆರವಣಿಗೆ ಕ್ಷೇಮವಾಗಿ ಮುಗಿಯಿತು. ಊಟದ ಪಂಕ್ತಿಯಲ್ಲಿ ಮಾತ್ರ ಬೇರೆ ಮಾತು ಎದ್ದಿತು. ಗಂಡ ಸತ್ತವಳು ಜೀನು ಮುಟ್ಟಿದ್ದಕ್ಕೇ ಹಿಂಗಾಯಿತು, ಇನ್ನು ಆ ಮನೆಯ ಕುದುರೆ ಬ್ಯಾಡ ಎಂದರು. ಅತ್ತೆ ನನ್ನ ಹೆಸರು ಎತ್ತಲಿಲ್ಲ. ನಾನೂ ಬಾಯಿ ಬಿಡಲಿಲ್ಲ.

ಸಂಜೆ ಮನೆಯಲ್ಲಿ ಅತ್ತೆ ಕುದುರೆಯ ಕುತ್ತಿಗೆಗೆ ಹಗ್ಗ ಹಾಕಿ, ಆಮೇಲೆ ಲಗಾಮು ತೆಗೆದರು. ಬಾಯೊಳಗಿನ ಕಡಿವಾಣ ಎಳೆಯಲಿಲ್ಲ. ಕುದುರೆ ತಾನಾಗಿ ಬಾಯಿ ಬಿಡುವವರೆಗೆ ಕಾದರು. ನೂರು ಎಣಿಸಿದೆಯಾ ಎಂದು ಕೇಳಿದರು. ಎಣಿಸಿದೆ ಎಂದೆ.

"ಹಂಗಾರ ಎಣಸಾಕ ಬರತೈತಿ ಬಿಡು," ಎಂದರು. ಅಷ್ಟೇ.

ಅತ್ತೆ ಹೋಗಿ ಭಾಳ ವರ್ಷವಾಯಿತು. ಈಗ ಮದುಮಕ್ಕಳು ಕಾರಿನಲ್ಲಿ ಬರುತ್ತಾರೆ, ನಮ್ಮಲ್ಲಿ ಕುದುರೆಯೂ ಇಲ್ಲ. ಪ್ರಾಣಿಯ ಮೈ ಅಷ್ಟು ಬಲ್ಲ ಕೈಯನ್ನು ನಾನು ಮತ್ತೆ ಕಾಣಲಿಲ್ಲ. ಆ ಕೊರತೆ ತುಂಬುವುದೂ ಇಲ್ಲ.

ಆ ಮದುವೆಯ ಮರುದಿನ ಬೆಳಿಗ್ಗೆ ಮೊದಲ ಬಸ್ಸಿಗೆ ಮೆಟ್ರಿಗೆ ಹೋದೆ. ಚಪ್ಪರ ಬಿಚ್ಚುತ್ತಿದ್ದರು. ಜನರೆಲ್ಲ ಕೇಳುವಂತೆ ಆ ದೊಡ್ಡಪ್ಪನಿಗೆ, "ಬಿಗಿ ಅಂತ ಅತ್ತಿ ನನಗ ಹೇಳಿದ್ರು. ನಿಮಗ ಅಂಜಿ ನಾನ ಬಿಗೀಲಿಲ್ರಿ," ಎಂದೆ.