ಕುಂಟೆಯಲ್ಲಿ ಕಂಡ ಕೂದಲೆಳೆಯಂಥ ಹುಳು

ಕಗ್ಗದಾಸಪುರದಲ್ಲಿ ನಮ್ಮ ಮನೆಯ ಹಿಂದಿನ ಕುಂಟೆಯ ನೀರಿಗೆ ಮಿಡತೆಯೊಂದು ಹಾರಿ ಬಿದ್ದಿತು. ಅದರ ಹೊಟ್ಟೆಯೊಳಗೆ ಬೆಳೆದಿದ್ದ, ಕುದುರೆಯ ಕೂದಲಿನಂಥ ಹುಳು ಹೊರಬಂದು ನೀರಿನಲ್ಲಿ ಸುರುಳಿಯಾಯಿತು. ಅದನ್ನು ಕಂಡು ಗಾಬರಿಯಾದ ನೆರೆಯವರು ಕುಂಟೆಯನ್ನೇ ಮುಚ್ಚಿಸಲು ಸಭೆ ಕರೆದರು. ಆ ಹುಳು ಮೊಟ್ಟೆಯಿಡಲೆಂದು ಮಿಡತೆಯನ್ನು ನೀರಿಗಿಳಿಸುತ್ತದೆಯೇ ಹೊರತು ಮನುಷ್ಯರಿಗೆ ಯಾವ ಕೇಡನ್ನೂ ಮಾಡುವುದಿಲ್ಲವೆಂದು ನಾನು ವಿವರಿಸಿದೆ.

“ಹುಳ ಇರೋ ನೀರು ಯಾಕ್ರೀ ಬೇಕು ಮೇಡಂ? ಮುಚ್ಚಿದ್ರೆ ನಿಮ್ ಗಾಡಿಗೂ ಜಾಗ ಆಗತ್ತೆ,” ಎಂದು ನಮ್ಮ ಬಡಾವಣೆಯ ಸಂಘದ ಅಧ್ಯಕ್ಷರು ನಕ್ಕರು.

ವರ್ಷಗಳಿಂದ ನಮ್ಮೆಲ್ಲರ ಶೌಚದ ನೀರು ಆ ಕುಂಟೆಗೇ ಸೇರುತ್ತಿತ್ತು. ಅದಕ್ಕಾಗಿ ಯಾರೂ ಸಭೆ ಕರೆದಿರಲಿಲ್ಲ. ಮುಚ್ಚಬಾರದೆಂದು ಎದ್ದದ್ದು ನನ್ನ ಕೈಯೊಂದೇ. ಮರುವಾರ ಮಣ್ಣಿನ ಲಾರಿಗಳು ಬಂದವು. ಈಗ ಆ ಹೊಲಸು ರಸ್ತೆಯಲ್ಲೇ ಹರಿಯುತ್ತದೆ. ಮೂಗು ಮುಚ್ಚಿಕೊಂಡು, ಅದನ್ನು ದಾಟಿ ಎಲ್ಲರೂ ಕಾರು ಹತ್ತುತ್ತಾರೆ.