ಒಸಾಕಾಕ್ಕೆ ಹೊರಟ ಖಾನಾವಳಿ ಕೊಟ್ರಮ್ಮ

ಸಂಘಮಿತ್ರಾ ಕೊಟ್ರಮ್ಮನವರನ್ನು ಮೊದಲ ಸಲ ಕಂಡದ್ದು ಮೇ ತಿಂಗಳ ಒಂದು ಮಧ್ಯಾಹ್ನ. ಬಳ್ಳಾರಿಯಲ್ಲಿ ಆ ಹೊತ್ತಿಗೆ ನಾಯಿ ಕೂಡ ನೆರಳು ಬಿಟ್ಟು ಏಳುವುದಿಲ್ಲ. ಟ್ರಾವೆಲ್ಸ್ ಕಚೇರಿಯ ಗಾಜಿನ ಬಾಗಿಲು ತಳ್ಳಿಕೊಂಡು ಎತ್ತರದ ಒಬ್ಬ ಹೆಂಗಸು ಒಳಗೆ ಬಂದರು. ಅರವತ್ತರ ಆಸುಪಾಸಿನ ವಯಸ್ಸು, ಹಣೆಯಲ್ಲಿ ವಿಭೂತಿ, ಬೆವರಿಗೆ ಬೆನ್ನಿಗಂಟಿದ ಕಂದು ಬಣ್ಣದ ನೂಲಿನ ಸೀರೆ. ಎರಡೂ ಮುಂಗೈಗಳ ಮೇಲೆ ಹಳೆಯ ಸುಟ್ಟ ಕಲೆಗಳು. ಕೈಯಲ್ಲಿ ಗಂಟು ಹಾಕಿದ ಒಂದು ಬಟ್ಟೆಯ ಚೀಲ.

ಕಚೇರಿಯ ಮಾಲೀಕ ಚನ್ನಬಸವರಾಜ ಮೊಬೈಲಿನಿಂದ ತಲೆ ಎತ್ತದೆಯೇ, ಬುತ್ತಿಯನ್ನು ಒಳಗಿನ ಟೇಬಲ್ಲಿನ ಮೇಲೆ ಇಟ್ಟು ಹೋಗು ಎಂದ. ನಿನ್ನೆ ಪಲ್ಯಕ್ಕೆ ಉಪ್ಪು ಜಾಸ್ತಿಯಾಗಿತ್ತು ಎಂದೂ ಸೇರಿಸಿದ. ಆಕೆ ಅಲ್ಲಾಡಲಿಲ್ಲ. ಫ್ಯಾನಿನ ಕೆಳಗೆ ನಿಂತು, ಅವನು ತಲೆ ಎತ್ತುವವರೆಗೆ ಕಾದರು. ಎತ್ತಿದ ಮೇಲೆ ಚೀಲದ ಗಂಟು ಬಿಚ್ಚಿ, ಹೊಸ ಪಾಸ್‌ಪೋರ್ಟು ತೆಗೆದು, ಅವನ ಮುಂದೆ ಅಲ್ಲ, ಪಕ್ಕದ ಮೇಜಿನಲ್ಲಿದ್ದ ಸಂಘಮಿತ್ರಾಳ ಮುಂದೆ ಇಟ್ಟರು.

"ನಾನು ಬುತ್ತಿ ತಂದಾಕಿ ಅಲ್ಲ. ಜಪಾನಿಗೆ ಹೋಗಾಕ ಹೆಸರು ಹಚ್ಚಾಕ ಬಂದೀನಿ. ಬರ್ಕೊ ತಂಗಿ."

ಚನ್ನಬಸವರಾಜ ನಕ್ಕ. ಆ ನಗೆಗೆ ಕೊಟ್ರಮ್ಮ ಅವನ ಕಡೆ ತಿರುಗಿ, ಉಪ್ಪು ಜಾಸ್ತಿ ಹಾಕಿದವಳು ಯಾರೋ ಅವಳ ಹತ್ತಿರ ಹೋಗಿ ಜಗಳ ಆಡು ಎಂದು ಮೆಲ್ಲಗೆ ಹೇಳಿದರು. ಅವರ ಸಿಟ್ಟು ಯಾವಾಗಲೂ ಹೀಗೆಯೇ, ದನಿ ಏರುತ್ತಿರಲಿಲ್ಲ, ಇಳಿಯುತ್ತಿತ್ತು. ಅದು ಸಂಘಮಿತ್ರಾಳಿಗೆ ತಿಳಿದದ್ದು ಆಮೇಲೆ.

ಆ ವರ್ಷ ಕಚೇರಿಯವರು ಹೊಸ ಪ್ರವಾಸ ಒಂದನ್ನು ಹಾಕಿದ್ದರು. ಸಿರುಗುಪ್ಪದ ಅಕ್ಕಿ ಗಿರಣಿಯ ಮನೆತನಗಳು ಕಾಶಿ, ಕೇದಾರ ಮುಗಿಸಿ, ದುಬೈ ನೋಡಿ, ಸಿಂಗಪುರವನ್ನೂ ಸುತ್ತಿ ಬಂದಿದ್ದವು. ಇನ್ನೆಲ್ಲಿಗೆ ಎಂಬ ಮಾತು ಬಂದಾಗ ಚನ್ನಬಸವರಾಜ, ಅಕ್ಕಿ ಉಣ್ಣುವ ದೇಶ ನೋಡಿ ಬನ್ನಿ ಎಂದು ಒಸಾಕಾ ನಗರದ ಹೆಸರು ಹೇಳಿದ್ದ. 'ಆಹಾರ ಮತ್ತು ಸಂಸ್ಕೃತಿ ಪ್ರವಾಸ' ಎಂದು ಬಣ್ಣದ ಹಾಳೆ ಅಚ್ಚು ಹಾಕಿಸಿದ್ದ. ಯೋಜನೆ ಮಾಡುವ ಕೆಲಸ ಮಾತ್ರ ಸಂಘಮಿತ್ರಾಳ ತಲೆಗೆ ಬಿದ್ದಿತ್ತು. ಮೋಕದ ಕೂಲಿಕಾರ ರಾಮಾಂಜಿನಿಯ ಮಗಳು ಅವಳು. ಮನೆಯಲ್ಲಿ ಕಾಲೇಜು ಕಂಡ ಮೊದಲಿಗಳು. ಬುದ್ಧನನ್ನು ನಂಬಿದ ಮೇಲೆ ಅಪ್ಪ ಇಟ್ಟ ಹೆಸರು ಅದು. ಆ ಹೆಸರಿನ ಋಣಕ್ಕೋ ಏನೋ, ಪ್ರವಾಸೋದ್ಯಮ ಓದಿದ ಮೇಲೆ ಅವಳು ಜಪಾನಿ ಭಾಷೆಯನ್ನೂ ಹಿಡಿದು ಕೂತಿದ್ದಳು. ಅವಳ ಜಪಾನಿ ಇನ್ನೂ ತಪ್ಪು ತಪ್ಪಾಗಿತ್ತು. ಆದರೆ ಹೋಟೆಲಿನವರ ಜೊತೆ ಫೋನಿನಲ್ಲಿ ಜಗಳ ಆಡುವಷ್ಟಿತ್ತು.

ಜಗಳ ಆಡಲೇಬೇಕಿತ್ತು. ಒಸಾಕಾದಲ್ಲಿ ಸಾರಿನ ನೀರಿಗೇ ಒಣಮೀನಿನ ಚೂರು ಬೀಳುತ್ತದೆ. ಕಣ್ಣಿಗೆ ಕಾಣದ ಮೀನು. ಹೋಗುವವರಲ್ಲಿ ಬಹುತೇಕರು ಲಿಂಗ ಕಟ್ಟಿದವರು, ಮೊಟ್ಟೆಯನ್ನೂ ಮುಟ್ಟದವರು. ಸಂಘಮಿತ್ರಾ ಬೇಸಿಗೆಯುದ್ದಕ್ಕೂ ಹುಡುಕಿ, ಸಮುದ್ರದ ಸೊಪ್ಪಿನಿಂದಲೇ ಸಾರು ತೆಗೆಯುವ ಅಂಗಡಿಗಳನ್ನು ಗೊತ್ತು ಮಾಡಿದಳು. ಸನ್ಯಾಸಿಗಳ ಊಟ ಬಡಿಸುವ ಒಂದು ಗುಡಿ ಸಿಕ್ಕಿತು. ಎಲೆಕೋಸು ಹಿಟ್ಟು ಕಲಸಿ ಕಾದ ಕಬ್ಬಿಣದ ಹಲಗೆಯ ಮೇಲೆ ಹೊಯ್ಯುವ ಒಕೊನೊಮಿಯಾಕಿ ಎಂಬ ದಪ್ಪ ರೊಟ್ಟಿಯನ್ನು ಮೊಟ್ಟೆ, ಮೀನು ಇಲ್ಲದೆ ಮಾಡಿಕೊಡಲು ಒಬ್ಬ ಮುದುಕ ಒಪ್ಪಿದ. ಬೆಳಿಗ್ಗೆ ಲಿಂಗಪೂಜೆಗೆ ಸಮಯ ಬಿಟ್ಟು ಬಸ್ಸು ಹೊರಡುವಂತೆ ಹೊಂದಿಸಿದಳು. ನಮ್ಮ ಕಡೆಯ ತೊಗಲುಗೊಂಬೆ ಕಂಡವರಿಗೆ ಹಿಡಿಸಬಹುದೆಂದು ಅಲ್ಲಿಯ ಗೊಂಬೆಯಾಟದ ರಂಗಮಂದಿರವನ್ನೂ ಸೇರಿಸಿದಳು.

ಕೊಟ್ರಮ್ಮನವರಿಗೆ ಹಿಡಿಸಿದ್ದು ಆ ಕಬ್ಬಿಣದ ಹಲಗೆ. ಕೌಲ್ ಬಜಾರಿನ ಸಂದಿಯೊಂದರಲ್ಲಿ ಅವರ ಖಾನಾವಳಿ. ವೆಲ್ಡಿಂಗ್ ಶಾಪಿನವರು, ಆಟೋದವರು, ಕೋರ್ಟಿಗೆ ಬಂದ ಹಳ್ಳಿಯವರು, ಹಸಿದ ಯಾರೇ ಆಗಲಿ ಅಲ್ಲಿ ಉಣ್ಣಬಹುದು. ಅನ್ನ ಚೆಲ್ಲಿದರೆ ಮಾತ್ರ ಮರುದಿನ ಬರುವಂತಿಲ್ಲ. ಮೊದಲ ಸಲ ಸಂಘಮಿತ್ರಾ ಅರ್ಜಿಗೆ ಸಹಿ ಹಾಕಿಸಿಕೊಳ್ಳಲು ಅಲ್ಲಿಗೆ ಹೋದಾಗ ಕೊಟ್ರಮ್ಮ ತಾಟು ಇಟ್ಟು, ಯಾವ ಊರು, ಯಾರ ಪೈಕಿ ಎಂದು ಕೇಳಿದ್ದರು.

"ಮೋಕ. ಬೌದ್ಧರು."

"ಅದಕ್ಕೂ ಮೊದ್ಲು?"

"ಮೊದ್ಲೂ ಮನುಷ್ಯಾರ ಇದ್ವಿ."

ಕೊಟ್ರಮ್ಮ ಬುಟ್ಟಿಯ ಮುಚ್ಚಳ ತೆಗೆದರು. "ಬಾಯಿ ಜೋರೈತಿ. ಉಣ್ಣು," ಎಂದು ರೊಟ್ಟಿ ಹಾಕಿದರು. ಮತ್ತೆಂದೂ ಆ ಮಾತು ಎತ್ತಲಿಲ್ಲ.

ಉಣ್ಣುವಾಗ ಅವರು ಹೇಳಿದ ಕಥೆ ದೊಡ್ಡದೇನಲ್ಲ. ಕುರುಗೋಡಿನ ತವರಿನಲ್ಲಿ ಕೈ ಊರುವಷ್ಟು ಬೆಳೆದ ಕೂಡಲೇ ರೊಟ್ಟಿ ಬಡಿಯಲು ಕೂರಿಸಿದರು. ಮದುವೆಯಾದ ಮನೆಯಲ್ಲಿ ಒಲೆ ಬದಲಾಯಿತು, ಕೆಲಸ ಬದಲಾಗಲಿಲ್ಲ. ಗಂಡ ತೀರಿಕೊಂಡ ಮೇಲೆ ಅದೇ ಕೈಯಿಂದ ಬಳ್ಳಾರಿಯಲ್ಲಿ ಅನ್ನ ದುಡಿದರು. ಇಷ್ಟು ವರ್ಷದಲ್ಲಿ ಒಲೆಯಿಂದ ಇಳಿದ ಬಿಸಿ ರೊಟ್ಟಿಯನ್ನು ಬೇರೆಯವರ ತಾಟಿಗೆ ಹಾಕಿದ್ದೇ ಹೊರತು ತಮ್ಮ ತಾಟಿಗೆ ಯಾರೂ ಹಾಕಿರಲಿಲ್ಲ. ಎಲ್ಲರದೂ ಮುಗಿದ ಮೇಲೆ ಬುಟ್ಟಿಯಲ್ಲಿ ಉಳಿದ ತಣ್ಣನೆಯದು ಅವರದು. ಖಾನಾವಳಿಗೆ ಬಂದವನೊಬ್ಬ ಮೊಬೈಲಿನಲ್ಲಿ ಒಸಾಕಾದ ವಿಡಿಯೋ ತೋರಿಸಿದ್ದನಂತೆ. ಹಲಗೆಯ ಆಚೆ ಅಡುಗೆಯವ, ಈಚೆ ಉಣ್ಣುವವರು. ಅವನು ಮಾಡುತ್ತಾನೆ, ಅಲ್ಲಿಂದಲೇ ನೇರ ಮುಂದಕ್ಕೆ ತಳ್ಳುತ್ತಾನೆ. ಹೊಗೆ ಆಡುತ್ತಿರುತ್ತದೆ. ಕೂತವರಲ್ಲಿ ಒಬ್ಬ ಮುದುಕಿಯೂ ಇದ್ದಳು. ಕೊಟ್ರಮ್ಮ ನೋಡಿದ್ದು ಆ ಮುದುಕಿಯನ್ನು.

ಕುರುಗೋಡಿನಲ್ಲಿ ಅವರ ಅಣ್ಣನ ಮನೆಯವರು ಸುದ್ದಿ ಕೇಳಿ ಬಿದ್ದು ಬಿದ್ದು ನಕ್ಕರು. ರೊಟ್ಟಿ ಬಡಿಯುವವಳಿಗೆ ವಿಮಾನ ಯಾಕೆ ಎಂದು ಅಣ್ಣ ಕೇಳಿದ. ಅಂದಿನಿಂದ ಕೊಟ್ರಮ್ಮ ತವರಿನ ಫೋನು ಎತ್ತುವುದನ್ನು ಬಿಟ್ಟರು.

ಪಟ್ಟಿಯಲ್ಲಿ ಕೊಟ್ರಮ್ಮನ ಹೆಸರು ಇರುವುದು ಸಿರುಗುಪ್ಪಕ್ಕೆ ಮುಟ್ಟಿದ್ದು ಶ್ರಾವಣದಲ್ಲಿ. ಗಿರಣಿ ಮಾಲೀಕರಲ್ಲಿ ಹಿರಿಯನಾದ ದೊಡ್ಡಬಸಪ್ಪನಿಗೆ ಆ ಖಾನಾವಳಿಯ ರೊಟ್ಟಿ ಗೊತ್ತಿತ್ತು. ಮಗನ ಮದುವೆಗೂ ಆಕೆಯೇ ಅಡುಗೆ ಮಾಡಿದ್ದರು. ಎರಡು ದಿನ ಕಳೆಯುವುದರೊಳಗೆ ಚನ್ನಬಸವರಾಜ ಸಂಘಮಿತ್ರಾಳನ್ನು ಕರೆದು, ಗೊತ್ತು ಮಾಡಿದ ಊಟದ ಅಂಗಡಿಗಳನ್ನೆಲ್ಲ ಬಿಟ್ಟುಬಿಡು ಎಂದ. ಅಡುಗೆಮನೆ ಇರುವ ರೂಮುಗಳನ್ನು ಹಿಡಿಯಬೇಕು. ಮನೆಗೊಂದು ಪೆಟ್ಟಿಗೆ ಜೋಳದ ಹಿಟ್ಟು ಒಯ್ಯುತ್ತಾರೆ. ಹೇಗೂ ಕೊಟ್ರಮ್ಮ ಬರುತ್ತಾಳಲ್ಲ, ಊಟದ ಚಿಂತೆ ತಪ್ಪಿತು. ಆಕೆಯ ಖರ್ಚನ್ನು ಗಿರಣಿಯವರೇ ನೋಡಿಕೊಳ್ಳುತ್ತಾರೆ.

ಸಂಘಮಿತ್ರಾ ಒಪ್ಪಲಿಲ್ಲ. ಊಟದ ಪ್ರವಾಸದಲ್ಲಿ ಅಲ್ಲಿಯ ಊಟವೇ ಇಲ್ಲದಿದ್ದರೆ ಹೋಗುವುದು ಏಕೆ ಎಂದು ಕೇಳಿದಳು. ಕೊಟ್ರಮ್ಮನವರನ್ನು ಯಾರಾದರೂ ಕೇಳಿದ್ದಾರೆಯೇ ಎಂದೂ ಕೇಳಿದಳು.

"ಕೇಳೂದೇನೈತಿ? ಆಕಿಗೆ ಪುಕ್ಕಟೆ ಜಪಾನ್ ತೋರಸ್ತಾರ. ನೀ ನಿನ್ನ ಕೆಲಸ ನೋಡ್ಕೊ. ಭಾನುವಾರ ಸಿರುಗುಪ್ಪದಾಗ ಮೀಟಿಂಗ್ ಐತಿ, ಅಲ್ಲಿ ಅವರ ಹೇಳ್ತಾರ, ಅಲ್ಲಿತನ ಬಾಯಿ ಬಿಡಬ್ಯಾಡ."

ಅವಳು ಅವತ್ತೇ ಸಂಜೆ ಖಾನಾವಳಿಗೆ ಹೋಗಿ ಬಾಯಿ ಬಿಟ್ಟಳು. ಕೊಟ್ರಮ್ಮ ಹಿಟ್ಟು ನಾದುತ್ತಿದ್ದರು. ಎಲ್ಲವನ್ನೂ ಕೇಳಿದರು. ನಾದುವುದು ನಿಲ್ಲಲಿಲ್ಲ, ಆದರೆ ಪರಾತದ ಕೆಳಗಿನ ಮಣೆ ಕಿರುಗುಟ್ಟಿತು. ಆಮೇಲೆ ಇಳಿದ ದನಿಯಲ್ಲಿ, ಭಾನುವಾರ ತಾನೂ ಬರುವುದಾಗಿ ಹೇಳಿದರು.

ದೊಡ್ಡಬಸಪ್ಪನ ಮನೆ ಗಿರಣಿಗೆ ಅಂಟಿಕೊಂಡೇ ಇತ್ತು. ತೌಡಿನ ವಾಸನೆ ಪಡಸಾಲೆಯವರೆಗೂ ಬರುತ್ತಿತ್ತು. ಗಂಡಸರು ಸೋಫಾಗಳಲ್ಲಿ ಕೂತು ಸಂಘಮಿತ್ರಾಳಿಗೆ ಒಂದು ಪ್ಲಾಸ್ಟಿಕ್ ಕುರ್ಚಿ ತೋರಿಸಿದರು. ದೊಡ್ಡಬಸಪ್ಪನ ಹೆಂಡತಿ ಚನ್ನವೀರಮ್ಮ ಕೊಟ್ರಮ್ಮನವರ ಕೈ ಹಿಡಿದು ಪ್ರೀತಿಯಿಂದಲೇ ಒಳಗೆ ಕರೆದುಕೊಂಡು ಹೋದರು. ಕರೆದುಕೊಂಡು ಹೋದದ್ದು ಒಲೆಯ ಮುಂದಕ್ಕೆ. ನಿಮ್ಮ ಕೈ ರುಚಿ ನಮ್ಮ ಹುಡುಗಿಯರಿಗೆ ಎಲ್ಲಿ ಬರಬೇಕು, ಹಿಟ್ಟು ತೆಗೆದಿಟ್ಟಿದ್ದೇನೆ, ನಾಲ್ಕು ರೊಟ್ಟಿ ಬಡಿದುಬಿಡಿ ಎಂದರು. ಕೊಟ್ರಮ್ಮ ಬಡಿದರು. ಹಿಟ್ಟು ಕಂಡರೆ ಆ ಕೈಗಳು ಯಾರ ಅಪ್ಪಣೆಯನ್ನೂ ಕಾಯುತ್ತಿರಲಿಲ್ಲ.

ಹೊರಗೆ ದೊಡ್ಡಬಸಪ್ಪ ಒಸಾಕಾದ ದಿನಚರಿ ಹೇಳತೊಡಗಿದ್ದ. ಕೊಟ್ರಮ್ಮ ಬೆಳಕು ಹರಿಯುವ ಮೊದಲೇ ಎದ್ದು ತಿಂಡಿ ಮುಗಿಸಬೇಕು. ಎಲ್ಲರೂ ತಿರುಗಾಡಲು ಹೋದಾಗ ರೂಮಿನಲ್ಲೇ ಇದ್ದು ಮಧ್ಯಾಹ್ನದ ಬುತ್ತಿ ಕಟ್ಟಬೇಕು. ಗೊಂಬೆಯಾಟ ಸಂಜೆಯದಾದ್ದರಿಂದ ಅದಕ್ಕೆ ಆಕೆ ಬರಲಾಗುವುದಿಲ್ಲ, ರಾತ್ರಿ ಅಡುಗೆ ಇರುತ್ತದೆ. ಸಂಘಮಿತ್ರಾ ನಡುವೆ ಬಾಯಿ ಹಾಕಿ, ಆಕೆ ಪ್ರವಾಸಿಯಾಗಿ ಹೆಸರು ಹಚ್ಚಿದವರು, ಎಲ್ಲರ ಹಾಗೆಯೇ ಎಂದಳು. ಯಾರೂ ಅವಳತ್ತ ನೋಡಲಿಲ್ಲ. ಚನ್ನಬಸವರಾಜ ಮಾತ್ರ ಕಣ್ಣು ಕೆಂಪು ಮಾಡಿದ.

ಒಳಗೆ ರೊಟ್ಟಿ ಬಡಿಯುವ ಸದ್ದು ನಿಂತಿತು.

ಪಡಸಾಲೆಯಲ್ಲಿ ಗಂಡಸರ ಊಟಕ್ಕೆ ಚಾಪೆ ಹಾಸಿ ತಾಟು ಇಟ್ಟಿದ್ದರು. ಕೊಟ್ರಮ್ಮ ಹೊರಗೆ ಬಂದರು. ಕೈ ತೊಳೆದು, ಸೆರಗಿಗೆ ಒರೆಸಿ, ಸಾಲಿನ ಮೊದಲ ತಾಟಿನ ಮುಂದೆ ಚಕ್ಕಳಮಕ್ಕಳ ಹಾಕಿ ಕೂತರು. ದೊಡ್ಡಬಸಪ್ಪ ಕೂರಬೇಕಾದ ಜಾಗ ಅದು. ಊರಿಗೆಲ್ಲ ಗೊತ್ತಿರುವ ಮಾತು: ಅಡುಗೆ ಮಾಡಿದವಳು ಮೊದಲ ಪಂಕ್ತಿಗೆ ಕೂರುವುದಿಲ್ಲ. ಗಂಡಸರು ನಿಂತಲ್ಲೇ ನಿಂತರು. ಬಾಗಿಲಲ್ಲಿ ಸೊಸೆ ಅಕ್ಷತಾ ಪಲ್ಯದ ಪಾತ್ರೆ ಹಿಡಿದುಕೊಂಡು ಅತ್ತೆಯ ಮುಖ ನೋಡಿದಳು. ಅತ್ತೆ ಗಂಡನ ಮುಖ ನೋಡಿದರು.

ದೊಡ್ಡಬಸಪ್ಪ ತಮಾಷೆ ಮಾಡಲು ನೋಡಿದ. "ಏನ್ ಕೊಟ್ರಮ್ಮಾರ, ನೀವ ಕುಂತ್ರ ಬಡಸೋರು ಯಾರು?"

"ಅದನ್ನ ನಾನೂ ನೋಡಾಕತ್ತೀನಿ."

ಯಾರೂ ಕದಲಲಿಲ್ಲ. ಒಲೆಯ ಮೇಲಿನ ಹಂಚು ಕಾದು ವಾಸನೆ ಬರತೊಡಗಿತ್ತು. ಸಂಘಮಿತ್ರಾಳಿಗೆ ತಡೆಯಲಾಗಲಿಲ್ಲ. ಎದ್ದು ರೊಟ್ಟಿಯ ಬುಟ್ಟಿಗೆ ಕೈ ಚಾಚಿದಳು. ಚನ್ನವೀರಮ್ಮ ಸರ್ರನೆ ಬುಟ್ಟಿಯನ್ನು ತಮ್ಮತ್ತ ಎಳೆದುಕೊಂಡು, "ನೀ ಬ್ಯಾಡವಾ, ನಿನಗ್ಯಾಕ ತ್ರಾಸು," ಎಂದು ನಕ್ಕರು. ಅಷ್ಟು ಮೃದುವಾಗಿ ಹೇಳಿದ ಮಾತು ಅದು. ಸಂಘಮಿತ್ರಾ ಹುಟ್ಟಿದಾಗಿನಿಂದ ಆ ಮೃದುತನವನ್ನು ಬಲ್ಲಳು. ಚಾಚಿದ ಕೈ ಎಲ್ಲಿಡಬೇಕೆಂದು ತಿಳಿಯದೆ ನಿಂತಳು.

ಕೊಟ್ರಮ್ಮ ಪಕ್ಕದ ತಾಟನ್ನು ಅಂಗೈಯಿಂದ ತಟ್ಟಿದರು. "ಆಕಿ ಬಡಸೂದಿಲ್ಲ ಚನ್ನವೀರಮ್ಮ. ಆಕಿನೂ ಉಣ್ಣಾಕ ಬಂದಾಳ. ಕುಂದ್ರು ತಂಗಿ."

ಸಂಘಮಿತ್ರಾ ಕೂತಳು. ಇಬ್ಬರ ಮುಂದೆ ಎರಡು ಖಾಲಿ ತಾಟು. ಚನ್ನಬಸವರಾಜ ಅವಳ ಹೆಸರು ಹಿಡಿದು ಕೂಗಿದ. ಅವಳು ಏಳಲಿಲ್ಲ.

ಆಗ ಕೊಟ್ರಮ್ಮ ಮಾತಾಡಿದರು. ಗಿರಣಿಯ ಸದ್ದಿನ ನಡುವೆ ಆ ದನಿಯನ್ನು ಕೇಳಲು ಎಲ್ಲರೂ ಬಗ್ಗಬೇಕಾಯಿತು.

"ನಿಮ್ಮ ಮನಿ ಮದುವಿಗೆ ಮಾಡೀನಿ, ತೊಟ್ಟಲಕ್ಕ ಮಾಡೀನಿ, ಸತ್ತವರ ದಿನಕ್ಕ ಮಾಡೀನಿ. ರೊಕ್ಕ ಕೊಟ್ರಿ, ಮಾಡಿದೆ. ಅದು ನನ್ನ ದುಡಿಮಿ. ಜಪಾನಿಗೆ ನನ್ನ ಟಿಕೀಟು ನಾನ ತಗೊಂಡೀನಿ. ಸಮುದ್ರ ದಾಟಿ ಹೋಗಿನೂ ನಿಮ್ಮ ಹಿಟ್ಟು ನಾದಬೇಕಾ? ನಿಮಗ ಊರು ನೋಡೂದು, ನನಗ ಒಲಿ ನೋಡೂದು? ಒಂದ ರೊಟ್ಟಿ, ನಾ ಬಡದದ್ದ, ನನ್ನ ತಾಟಿಗೆ ಹಾಕಾಕ ಇಷ್ಟು ಮಂದ್ಯಾಗ ಒಂದು ಕೈ ಏಳವಲ್ದು. ಎದ್ದ ಕೈನ್ನ ತಡದ್ರಿ. ನಿಮ್ಮ ಜೋಡಿ ನಾ ಅಲ್ಲಿತನ ಬರ್ಲೇನು?"

ದೊಡ್ಡಬಸಪ್ಪ, ಮನೆಗೆ ಬಂದವರು ಮರ್ಯಾದೆ ಕಳೆಯಬಾರದು ಎಂದೇನೋ ಗೊಣಗಿದ. ಕೊಟ್ರಮ್ಮ ತಾಟನ್ನು ಮಗುಚಿ ಹಾಕಿ ಎದ್ದರು. ಇಬ್ಬರೂ ಹಸಿದ ಹೊಟ್ಟೆಯಲ್ಲೇ ಬಸ್ಸು ಹತ್ತಿದರು.

ಮರುದಿನ ಚನ್ನಬಸವರಾಜ ಕೊಟ್ರಮ್ಮನ ಹೆಸರನ್ನು ಹೊಡೆದುಹಾಕಿದ. ಸಂಘಮಿತ್ರಾಳಿಗೆ ಕಾಶಿ ರೈಲಿನ ಟಿಕೆಟ್ಟುಗಳ ಕೆಲಸ ಕೊಟ್ಟ. ಅವಳು ತಿಂಗಳ ಕೊನೆಯವರೆಗೆ ಅದನ್ನು ಮಾಡಿ, ಕಚೇರಿಯ ಕೀಲಿಕೈ ಅವನ ಮೇಜಿನ ಮೇಲೆ ಇಟ್ಟು ಕೆಲಸ ಬಿಟ್ಟು ಬಂದಳು. ಗಿರಣಿಯವರು ಗಂಗಾವತಿಯ ಅಡುಗೆಯವನೊಬ್ಬನನ್ನು ಕರೆದುಕೊಂಡು ಒಸಾಕಾಕ್ಕೆ ಹೋದರು. ಹೋದಷ್ಟು ದಿನವೂ ರೂಮಿನ ರೊಟ್ಟಿ, ಶೇಂಗಾ ಚಟ್ನಿಯನ್ನೇ ಉಂಡರು. ಬಂದ ಮೇಲೆ, ಆ ದೇಶದಲ್ಲಿ ಬಾಯಿಗಿಡುವಂಥದ್ದು ಏನೂ ಸಿಗುವುದಿಲ್ಲ ಎಂದು ಊರೆಲ್ಲ ಹೇಳಿಕೊಂಡು ತಿರುಗಿದರು. ಅದನ್ನು ಕೇಳಿ ಕೊಟ್ರಮ್ಮನಿಗೆ ಬಂದ ಸಿಟ್ಟು ಸಿರುಗುಪ್ಪದ ದಿನದ್ದಕ್ಕಿಂತ ಹೆಚ್ಚಿನದು. ಉಣ್ಣದವರು ಊಟವನ್ನು ಬಯ್ಯುವುದನ್ನು ಅವರು ತಮ್ಮ ಖಾನಾವಳಿಯಲ್ಲೂ ಸಹಿಸಿದವರಲ್ಲ.

ಸಂಘಮಿತ್ರಾಳಿಗೆ ತನ್ನದೇ ಪ್ರವಾಸದ ಕೆಲಸ ಹಚ್ಚಿಕೊಳ್ಳಲು ಒಂದು ವರ್ಷ ಹಿಡಿಯಿತು. ಮುಂದಿನ ಚಳಿಗಾಲದಲ್ಲಿ ಹುಬ್ಬಳ್ಳಿ ಕಡೆಯ ಕೆಲವು ಮಾಸ್ತರರು, ನರ್ಸಮ್ಮಂದಿರು ಸೇರಿದ ಸಣ್ಣ ಗುಂಪಿನೊಂದಿಗೆ ಅವಳು ಕೊಟ್ರಮ್ಮನವರನ್ನೂ ಒಸಾಕಾಕ್ಕೆ ಕರೆದುಕೊಂಡು ಹೋದಳು. ಮೊಟ್ಟೆ, ಮೀನು ಇಲ್ಲದೆ ಮಾಡಿಕೊಡಲು ಒಪ್ಪಿಕೊಂಡಿದ್ದ ಅದೇ ಮುದುಕ ಕಬ್ಬಿಣದ ಹಲಗೆಯ ಆಚೆ ನಿಂತಿದ್ದ. ಎಲೆಕೋಸಿನ ರೊಟ್ಟಿಯನ್ನು ಮಗುಚಿ, ಬೇಯಿಸಿ, ಹೊಗೆಯಾಡುವ ಹಾಗೆಯೇ ಕೊಟ್ರಮ್ಮನ ಮುಂದೆ ತಳ್ಳಿದ. ಕೊಟ್ರಮ್ಮ ಬಾಯಿ ಸುಟ್ಟುಕೊಂಡು ಉಂಡರು. ಉಪ್ಪು ಕಡಿಮೆ ಎಂದರು. ಸಂಘಮಿತ್ರಾ ಅದನ್ನು ಮುದುಕನಿಗೆ ತಿಳಿಸಿದಳು. ಅವನು ತಲೆ ಬಾಗಿಸಿ ಉಪ್ಪು ತಂದಿಟ್ಟ. ಇನ್ನೊಂದು ಹಾಕಲು ಹೇಳು ಎಂದರು ಕೊಟ್ರಮ್ಮ. ಬಳ್ಳಾರಿಗೆ ಮರಳಿದ ಮೇಲೆ ಖಾನಾವಳಿಗೆ ಬಂದವರಿಗೆ ಈ ಮಾತು ಹೇಳುವಾಗಲೂ ಅವರ ಹುಬ್ಬು ಗಂಟಿಕ್ಕಿಯೇ ಇರುತ್ತಿತ್ತು. ಒಂದು ಬಿಸಿ ತುತ್ತಿಗೆ ಅಷ್ಟು ದೂರ ಹೋಗಬೇಕಾಯಿತಲ್ಲ ಎಂಬ ಸಿಟ್ಟು ಅವರಿಗೆ ಇಳಿದೇ ಇಲ್ಲ.

ಈಗಲೂ ಕೊಟ್ರಮ್ಮ ಕೌಲ್ ಬಜಾರಿನಲ್ಲಿ ಖಾನಾವಳಿ ನಡೆಸುತ್ತಾರೆ. ಸಿರುಗುಪ್ಪದ ಗಿರಣಿ ಮನೆಗಳ ಅಡುಗೆ ಒಪ್ಪಿಕೊಳ್ಳುವುದಿಲ್ಲ. ಮಧ್ಯಾಹ್ನ ಜನ ಬರುವುದಕ್ಕೆ ಮೊದಲು ತಾವು ಉಣ್ಣುತ್ತಾರೆ.