ತಂಟೆರಾಯನ ಬಾಯಿ

ಗೊಂಬೆಯವನಿಗೆ ಮೂಗಿನ ತುದಿಯಲ್ಲೇ ಕೋಪ. ಆದರೆ ಬೀದಿಯಲ್ಲಿ ಬಯ್ಯುವ ಕೆಲಸವೆಲ್ಲ ಅವನ ಕೈಗೊಂಬೆ ತಂಟೆರಾಯನದು. ಇವನು ತುಟಿ ಮಿಸುಕದೆ ಕೀರಲು ದನಿ ಹೊರಡಿಸುತ್ತಾನೆ, ಗೊಂಬೆ ದವಡೆ ಆಡಿಸುತ್ತದೆ, ಬಯ್ಸಿಕೊಂಡವರೇ ಹಲ್ಲು ಕಿರಿದು ತಟ್ಟೆಗೆ ಕಾಸು ಹಾಕುತ್ತಾರೆ.

ಮನೆಯಲ್ಲೂ ಒಂದು ಕೆಲಸ ಗೊಂಬೆಯದೇ. ಆರು ವರ್ಷದ ಮಗಳು ಅಮ್ಮ ಎಲ್ಲಿ ಎಂದಾಗಲೆಲ್ಲ ಸುಳ್ಳು ಹೇಳುವುದು. ಸ್ವಂತ ಬಾಯಲ್ಲಿ ಅದು ಅವನಿಂದಾಗುತ್ತಿರಲಿಲ್ಲ. "ನಿಮ್ಮಮ್ಮ ಹಡಗಲ್ಲಿ ಅಡುಗೆ ಮಾಡ್ತಾಳೆ ಕಣೇ, ಸಮುದ್ರ ಮುಗಿದ್ಮೇಲೆ ಬರ್ತಾಳೆ," ಎನ್ನುತ್ತಿದ್ದ ತಂಟೆರಾಯ. ಮಗಳ ಕಣ್ಣೆದುರು ಗೊಂಬೆಯನ್ನು ಎಂದೂ ಕೈಯಿಂದ ಕಳಚದ ಕಾರಣ, ಅದಕ್ಕೆ ಜೀವವಿದೆಯೆಂದೇ ಅವಳು ನಂಬಿದ್ದಳು.

ಹಡಗಂತೆ ಹಡಗು! ಹೆಂಡತಿ ಇದ್ದದ್ದು ಅದೇ ಊರಲ್ಲಿ, ಇವನ ಒಡಹುಟ್ಟಿದ ತಮ್ಮನ ಮನೆಯಲ್ಲಿ. ಹೆಗಲ ಮೇಲೆ ಹೊತ್ತು ಬೆಳೆಸಿದ ತಮ್ಮ! ನೆನೆದರೆ ಮೈಯೆಲ್ಲ ಉರಿ. ಆದರೂ ಅಮ್ಮ ತನ್ನನ್ನು ಬಿಟ್ಟು ಚಿಕ್ಕಪ್ಪನ ಜೊತೆ ಹೋದಳೆಂದು ಮಗಳಿಗೆ ತಿಳಿಯಕೂಡದು. ಅದಕ್ಕೆಂದೇ ಅವನು ಹಲ್ಲು ಕಚ್ಚಿಕೊಂಡಿದ್ದ.

ಆ ಸಂಜೆ ಮಾರುಕಟ್ಟೆಯ ಮೂಲೆಯಲ್ಲಿ ಆಟ ಕಳೆಗಟ್ಟಿತ್ತು; ಮಗಳು ತಟ್ಟೆ ಹಿಡಿದು ಕಾಸು ಎತ್ತುತ್ತಿದ್ದಳು. ಜನರ ನಡುವೆ ತಮ್ಮ ನಿಂತಿದ್ದ, ಇಸ್ತ್ರಿ ಹಾಕಿದ ಅಂಗಿ ತೊಟ್ಟು, ಏನೂ ಆಗಿಲ್ಲವೆಂಬಂತೆ. ಮಾನಗೆಟ್ಟವನು ಕೈ ಬೇರೆ ಎತ್ತಿದ.

"ಏನಪ್ಪಾ ತಂಟೆರಾಯ, ಮನೇಲೆಲ್ಲ ಹೇಗಿದಾರೆ?"

ಯಾರು ಏನೇ ಕೇಳಲಿ, ಗೊಂಬೆ ಉತ್ತರ ಕೊಡಲೇಬೇಕು; ಅದು ಆಟದ ಕಟ್ಟಳೆ. ಗೊಂಬೆಯವನ ಪಿತ್ತ ನೆತ್ತಿಗೇರಿತು.

"ಮನೆ ಮುರಿದೋನು ನೀನು, ನನ್ನ ಕೇಳ್ತೀಯಾ?" ತಂಟೆರಾಯ ಕಿರುಚಿದ. "ನಿನ್ನ ಮನೇಲಿ ಯಾರಿದಾಳೆ ಅಂತ ಎಲ್ಲರಿಗೂ ಹೇಳ್ಲಾ? ಹೇಳ್ಲೇನೋ?"

ಜನ ಗೊಳ್ಳೆಂದು ನಕ್ಕರು. ತಮ್ಮನ ಮುಖ ಬಿಳಿಚಿಕೊಂಡಿತು.

ಮಗಳು ತಟ್ಟೆ ಬಿಸಾಡಿ ಓಡಿಬಂದಳು. ಎರಡೂ ಕೈಯಿಂದ ಮುಚ್ಚಿದ್ದು ಅಪ್ಪನ ಬಾಯನ್ನಲ್ಲ, ಗೊಂಬೆಯದು. ಅದರ ಮರದ ಕಿವಿಗೆ ಬಾಯಿಟ್ಟು ಪಿಸುಗುಟ್ಟಿದಳು.

"ಹೇಳ್ಬೇಡ ಕಣೋ! ಅಮ್ಮ ಚಿಕ್ಕಪ್ಪನ ಮನೇಲಿದಾಳೆ, ಸ್ಕೂಲಿಂದ ಬರ್ತಾ ಕಿಟಕೀಲಿ ನೋಡ್ದೆ. ಅಪ್ಪಂಗೆ ಗೊತ್ತಾದ್ರೆ ಅಳ್ತಾನೆ. ನೀನು ಹಡಗು ಅಂತಾನೇ ಹೇಳ್ತಿರು. ಅಪ್ಪ ಅದನ್ನೇ ನಂಬಿದಾನೆ."

ಗೊಂಬೆಯವನಿಗೆ ಎಲ್ಲವೂ ಕೇಳಿಸಿತು. ಕಿಟಕಿಯಲ್ಲಿ ಕಂಡದ್ದನ್ನು ಈ ಪುಟ್ಟ ಜೀವ ಒಬ್ಬಳೇ ಹೊತ್ತು ತಿರುಗಿದ್ದಾಳೆ! ತಮ್ಮ ಗುಂಪಿನಿಂದ ನುಸುಳಿಕೊಂಡು ಹೋಗುತ್ತಿದ್ದ. ಅಟ್ಟಿಸಿಕೊಂಡು ಹೋಗಿ ಕೊರಳಪಟ್ಟಿ ಹಿಡಿದು ನಾಲ್ಕು ಬಿಗಿಯಬೇಕೆಂದು ಗೊಂಬೆಯವನು ಒಂದು ಹೆಜ್ಜೆ ಮುಂದಿಟ್ಟ.

ಆದರೆ ಮಗಳು ಉತ್ತರಕ್ಕೆ ಕಾಯುತ್ತಿದ್ದಳು.

"ಆಯ್ತು ಕಣೇ," ಎಂದ ತಂಟೆರಾಯ, "ನಿಮ್ಮಪ್ಪಂಗೆ ಹೇಳಲ್ಲ."